ಸ್ಪಿತಿಯ ಹುಡುಗಿ, ಶಿರಸಿಯ ಹುಡುಗ: ವಕೀಲರನ್ನು ಕೇಳಿ

ಶಿರಸಿಯವ: ಮೇಡಂ, ಬೇಸಿಗೆಯಿಂದ ಹಿಮಾಚಲದ ಸ್ಪಿತಿಯ ಕಾಜಾದಲ್ಲಿ ಹೋಮ್‌ಸ್ಟೇ ಕೆಲಸದಲ್ಲಿದ್ದೇನೆ. ಹುಡುಗಿ ಅಲ್ಲಿಯವಳೇ, ಬೌದ್ಧರು, ಎಸ್‌ಟಿ. ಇಬ್ಬರಿಗೂ 25 ದಾಟಿದೆ. ರಜೆಗೆ 10 ದಿನ ಊರಿಗೆ ಬರುತ್ತೇವೆ. ದೇವಸ್ಥಾನದಲ್ಲಿ ತಾಳಿ ಕಟ್ಟಿ, ಹಿಂದೂ ವಿವಾಹ ಕಾಯ್ದೆಯಲ್ಲಿ ನೋಂದಣಿ ಮಾಡಿಸು ಅಂತಾಳೆ ಅಮ್ಮ. ಹುಡುಗಿಯ ಅಣ್ಣನಿಗೆ ಇಷ್ಟವಿಲ್ಲ.

ವಕೀಲರು: ತಾಳಿ ಕಟ್ಟಿ, ಬೇಡ ಅನ್ನಲ್ಲ. ಅದೊಂದನ್ನೇ ನಂಬಬೇಡಿ. ಆ ಕಾಯ್ದೆ ಬೌದ್ಧರಿಗೂ ಅನ್ವಯಿಸುತ್ತದೆ, ನಿಜ. ಆದರೆ ಸೆಕ್ಷನ್ 2(2) ಪ್ರಕಾರ, ಕೇಂದ್ರ ಸರ್ಕಾರ ಅಧಿಸೂಚನೆ ಹೊರಡಿಸದ ಹೊರತು ಎಸ್‌ಟಿಗಳಿಗೆ ಅನ್ವಯಿಸುವುದಿಲ್ಲ. ನಾಳೆ ನಿಮಗೇನಾದರೂ ಆದರೆ, ಇದು ಮದುವೆಯೇ ಅಲ್ಲ ಅಂತ ಯಾರಾದರೂ ತಕರಾರು ತೆಗೆಯಬಹುದು. ಆಗ ಕೋರ್ಟು ಅಲೆಯುವವಳು ಆ ಹುಡುಗಿ. 1954ರ ವಿಶೇಷ ವಿವಾಹ ಕಾಯ್ದೆಯೇ ಗಟ್ಟಿ.

ಮದುವೆಯಾಗ್ತೀವಿ ಅಂತ ವಿವಾಹ ಅಧಿಕಾರಿಗೆ ನೋಟಿಸ್ ಕೊಡುವ ಜಿಲ್ಲೆಯಲ್ಲಿ ಇಬ್ಬರಲ್ಲೊಬ್ಬರು ಅದರ ಹಿಂದಿನ 30 ದಿನ ವಾಸವಿರಬೇಕು. ಹಾಗಾಗಿ ಶಿರಸಿಯಲ್ಲಿ ಆಗದು, ಕಾಜಾ ಇರುವ ಲಾಹೌಲ್-ಸ್ಪಿತಿ ಜಿಲ್ಲೆಯಲ್ಲೇ ಕೊಡಿ. ಆಮೇಲೆ 30 ದಿನ ಕಾಯಬೇಕು. ನೋಟಿಸ್ ಕೊಟ್ಟ 3 ತಿಂಗಳೊಳಗೆ ಮದುವೆ ಆಗದಿದ್ದರೆ ಮತ್ತೆ ಮೊದಲಿನಿಂದ. ದಾರಿಯ ಕುಂಜುಮ್ ಕಣಿವೆಮಾರ್ಗ (ಪಾಸ್) ಹಿಮಕ್ಕೆ ಮುಚ್ಚಿದರೆ ಜಿಲ್ಲಾ ಕೇಂದ್ರ ಕೇಲಾಂಗ್‌ಗೆ ಪಕ್ಕದ ಕಿನ್ನೌರ್ ಜಿಲ್ಲೆ ಕಡೆಯಿಂದ ಸುತ್ತಬೇಕು. ಕಾಜಾದಲ್ಲೇ ತಗೊಳ್ತಾರಾ ಅಂತ ಈಗಲೇ ವಿಚಾರಿಸಿ. ನೋಟಿಸಿನ ಪ್ರತಿ ನಿಮ್ಮ ಜಿಲ್ಲೆಗೂ ಬಂದು ಗೋಡೆಗೆ ಅಂಟುತ್ತದೆ, ಅಮ್ಮನಿಗೆ ಮೊದಲೇ ಹೇಳಿಬಿಡಿ. ಅಣ್ಣನಿಗೆ ಇಷ್ಟವಿಲ್ಲ ಅನ್ನೋದು ಆಕ್ಷೇಪಣೆಗೆ ಕಾರಣವಲ್ಲ. ವಯಸ್ಸು, ಬದುಕಿರುವ ಗಂಡ-ಹೆಂಡತಿ, ಹತ್ತಿರದ ಸಂಬಂಧ, ಮಾನಸಿಕ ಸ್ಥಿತಿ, ಇಷ್ಟೇ ನೋಡೋದು.

ದಾವಣಗೆರೆ: ಫಾರ್ವರ್ಡ್ ಬಂದಿದೆ. 'ವಿಶೇಷ ವಿವಾಹ ಆದವನಿಗೆ ಕೂಡುಕುಟುಂಬದಲ್ಲಿ ಪಾಲಿಲ್ಲ.' ತೋಟ ಹೋಯ್ತು ತಮ್ಮಾ!

ವಕೀಲರು: ಅರ್ಧ ಓದಿದವರು ಬರೆದದ್ದು. ಸೆಕ್ಷನ್ 19 ಕುಟುಂಬದಿಂದ ಬೇರೆಯಾದಂತೆ ಅನ್ನುತ್ತದೆ, ಪಾಲು ಹೋಯ್ತು ಅನ್ನಲ್ಲ. 1976ರಲ್ಲಿ 21ಎ ಸೇರಿದ ಮೇಲೆ ಹಿಂದೂ-ಬೌದ್ಧ ಮದುವೆಗೆ ಅದೂ ಇಲ್ಲ. ಹುಡುಗನನ್ನು ಸುಮ್ನೆ ಹೆದರಿಸಬೇಡಿ.

ತುಮಕೂರು: ಅಲ್ಲಿನ ಹುಡುಗಿಯನ್ನು ಮದುವೆಯಾದರೆ ಹಿಮಾಚಲದಲ್ಲಿ ಜಮೀನು ಕೊಳ್ಳಬಹುದಾ?

ವಕೀಲರು: ಅಳಿಯನಾದ ಮಾತ್ರಕ್ಕೆ ಆಗಲ್ಲ.

ಮಂಡ್ಯ: ನೋಟರಿ ಮುಂದೆ ಸಹಿ ಹಾಕಿದ್ರೆ ಒಂದೇ ದಿನದಲ್ಲಿ ಮದುವೆ ಅಂತ ವಾಟ್ಸಾಪ್‌ನಲ್ಲಿ...

ವಕೀಲರು: ಅದು ಮದುವೆಯಲ್ಲ, ಛಾಪಾ ಕಾಗದ. ಇನ್ನೊಂದು ಸಲ ಇಲ್ಲಿ ಹಾಕಬೇಡಿ.

ದಾವಣಗೆರೆ: ನಮ್ಮ ಕಡೆ ಹುಡುಗಿಯರೇ ಇರಲಿಲ್ವಾ?

ಸಾಗರ: ತೋಟದ ಹುಡುಗರಿಗೆ ಹೆಣ್ಣು ಕೊಡೋರು ಯಾರು ಅಣ್ಣಾ? ನೀವು ಕೊಡ್ತೀರಾ?

ದಾವಣಗೆರೆ: ನಾಲಿಗೆ ಬಿಗಿ ಹಿಡಿ.

ಸಾಗರ: ಶುರು ಮಾಡಿದ್ದು ಯಾರು?

ಧಾರವಾಡ: ಬೀಗರ ಮನ್ಯಾಗ ಛಾಂಗ್ (ಅಲ್ಲಿನ ಬಾರ್ಲಿ ಹೆಂಡ) ಕೊಟ್ರ ಬ್ಯಾಡ ಅನ್ನಬಹುದೇನ್ರಿ?

ಗದಗ: ಮೇಡಂ, ಜಮೀನು ಹೆಂಡತಿ ಹೆಸರಲ್ಲಿ...

ವಕೀಲರು: ಈ ಪೋಸ್ಟು ಮದುವೆಗೆ. ಜಮೀನು ದಲ್ಲಾಳಿಗಳು ಬೇರೆ ಕಡೆ ಹೋಗಿ.

ಶಿರಸಿಯವ: ಮೇಡಂ, ಸಾಕ್ಷಿಗೆ ಇಬ್ಬರು ಸಿಕ್ಕಿದ್ದಾರೆ. ಮೂರನೆಯವನು ಹೋಮ್‌ಸ್ಟೇ ಅಡುಗೆಯವನು, ನೇಪಾಳದವನು. ಆಗುತ್ತಾ?

ವಕೀಲರು: ಸಾಕ್ಷಿ ಇಂಥವರೇ ಆಗಬೇಕು ಅಂತ ಕಾಯ್ದೆಯಲ್ಲಿಲ್ಲ. ಗುರುತಿನ ಚೀಟಿ ಯಾವುದು ಬೇಕು ಅಂತ ಅಲ್ಲಿನ ಗುಮಾಸ್ತರನ್ನೇ ಕೇಳಿ.