ಬೆಕ್ಕಿನ ‘ಟ್ರ್ಯಾಕರ್’: ಜಾಡೋ, ನೆಲೆಯೋ, ನಿಗಾವೋ?

ಸಾಕುಬೆಕ್ಕುಗಳ ಸ್ಮಾರ್ಟ್ ಸಾಧನಗಳ ಕೈಪಿಡಿಯೊಂದನ್ನು ಕನ್ನಡಕ್ಕೆ ತರುತ್ತಿರುವಾಗ ಎದುರಾದ ಪದಗಳ ತೊಡಕನ್ನು ಬಲ್ಲವರ ಮುಂದಿಡುತ್ತಿದ್ದೇನೆ. ಕೊರಳಿಗೆ ಕಟ್ಟುವ ಜಿಪಿಎಸ್ ಪಟ್ಟಿ, ಚರ್ಮದ ಅಡಿಯಲ್ಲಿ ಸೇರಿಸುವ ಮೈಕ್ರೊಚಿಪ್, ನಿದ್ದೆ ಮತ್ತು ಓಡಾಟವನ್ನು ದಾಖಲಿಸುವ ಸಾಧನ, ಈ ಮೂರಕ್ಕೂ ‘ಜಾಡು ಪತ್ತೆ ಸಾಧನ’ ಎಂಬ ಒಂದೇ ಹೆಸರನ್ನು ಬಳಸುವುದು ಸರಿಯೇ ಎಂಬುದು ನನ್ನ ಮೊದಲ ಪ್ರಶ್ನೆ.

ಸರಿಯಲ್ಲ ಎಂದೇ ನನ್ನ ಅನಿಸಿಕೆ. ಮೈಕ್ರೊಚಿಪ್‌ನಲ್ಲಿ ಬ್ಯಾಟರಿ ಇರುವುದಿಲ್ಲ. ಓದುಗ ಯಂತ್ರವನ್ನು ಮೈಗೆ ಹತ್ತಿರ ಹಿಡಿದಾಗ ಮಾತ್ರ ಅದು ತನ್ನೊಳಗಿನ ಸಂಖ್ಯೆಯನ್ನು (ಅಂತರರಾಷ್ಟ್ರೀಯ ಮಾನಕದ ಪ್ರಕಾರ 15 ಅಂಕಿಗಳದ್ದು) ತಿಳಿಸುತ್ತದೆ. ಇಂಗ್ಲೆಂಡಿನಲ್ಲಿ 2024ರ ಜೂನ್ 10ರಿಂದ ಸಾಕುಬೆಕ್ಕುಗಳಿಗೆ ಕಡ್ಡಾಯವಾಗಿರುವುದೂ ಈ ಚಿಪ್ಪೇ. ಸಿಕ್ಕಿದ ಬೆಕ್ಕು ಯಾರದೆಂದು ತಿಳಿಯಲು ಅದು ನೆರವಾಗುತ್ತದೆಯೇ ಹೊರತು, ಕಳೆದುಹೋದ ಬೆಕ್ಕು ಎಲ್ಲಿದೆಯೆಂದು ಹೇಳಲಾರದು. ಅದನ್ನು ‘ಜಾಡು ಪತ್ತೆ’ ಎಂದು ಕರೆದರೆ ಓದುವವರು ಫೋನಿನ ನಕ್ಷೆಯಲ್ಲಿ ಬೆಕ್ಕನ್ನು ಹುಡುಕತೊಡಗುತ್ತಾರೆ. ‘ಗುರುತಿನ ಚಿಪ್’ ಎಂದರೆ ಈ ಗೊಂದಲವಿರುವುದಿಲ್ಲ.

ಜಿಪಿಎಸ್ ಪಟ್ಟಿಯ ವಿಷಯ ತುಸು ಸೂಕ್ಷ್ಮವಾದದ್ದು. ‘ಜಾಡು’ ಎಂದರೆ ಹಾದುಹೋದದ್ದು ಹಿಂದೆ ಬಿಟ್ಟ ಗುರುತು. ಆದ್ದರಿಂದಲೇ ನಾವು ಜಾಡು ಹಿಡಿದು ಹೋಗುತ್ತೇವೆ. ಈ ಪಟ್ಟಿಯಾದರೋ ಉಪಗ್ರಹಗಳ ಸಂಕೇತದಿಂದ ತಾನಿರುವ ಸ್ಥಳವನ್ನು ಲೆಕ್ಕಹಾಕಿ, ಸಾಮಾನ್ಯವಾಗಿ ಮೊಬೈಲ್ ಜಾಲದ ಮೂಲಕ ಒಡೆಯರ ಫೋನಿಗೆ ಕಳುಹಿಸುತ್ತದೆ. ಅದು ಹೇಳುವುದು ಈಗಿನ ನೆಲೆಯನ್ನು. ನಿನ್ನೆ ರಾತ್ರಿ ಬೆಕ್ಕು ಸುತ್ತಿದ ದಾರಿಯನ್ನು ಅದೇ ಸಾಧನ ಗೆರೆಯಾಗಿ ತೋರಿಸಿದಾಗ ಮಾತ್ರ ‘ಜಾಡು’ ಸರಿಯಾಗಿ ಹೊಂದುತ್ತದೆ. ಹಾಗಾಗಿ ಸಾಧನಕ್ಕೆ ‘ನೆಲೆಸೂಚಕ’ ಎಂದೂ ಆ ಗೆರೆಗೆ ‘ಜಾಡು’ ಎಂದೂ ಬಳಸಲು ಯೋಚಿಸಿದ್ದೇನೆ. ಕೊರಳಿಗೆ ತೂಗುಹಾಕುವ ಬ್ಲೂಟೂತ್ ಬಿಲ್ಲೆ ತಾನಾಗಿಯೇ ನೆಲೆಯನ್ನು ತಿಳಿಸಲಾರದು, ಹತ್ತಿರದಲ್ಲಿ ಯಾವುದಾದರೂ ಫೋನ್ ಇರಲೇಬೇಕು. ಆದ್ದರಿಂದ ಅದನ್ನು ‘ನೆಲೆಸೂಚಕ’ ಎನ್ನದೆ ‘ಬ್ಲೂಟೂತ್ ಬಿಲ್ಲೆ’ ಎಂದರೆ ಸಾಕು.

ಆರೋಗ್ಯದ ಭಾಗದಲ್ಲಿ ‘ಮಾನಿಟರಿಂಗ್’ಗೆ ‘ಮೇಲ್ವಿಚಾರಣೆ’ ಎಂಬ ಮಾತು ನನಗೆ ಒಗ್ಗುತ್ತಿಲ್ಲ, ಏಕೆಂದರೆ ಅದರಲ್ಲಿ ಅಧಿಕಾರದ ವಾಸನೆಯಿದೆ. ಬೆಕ್ಕಿನ ಮೇಲೆ ಅಂಥ ಅಧಿಕಾರ ಯಾರಿಗೂ ಇದ್ದಂತಿಲ್ಲ. ‘ತೀವ್ರ ನಿಗಾ ಘಟಕ’ದಿಂದ ಚಿರಪರಿಚಿತವಾಗಿರುವ ‘ನಿಗಾ’ ಇಲ್ಲಿಗೆ ಹೆಚ್ಚು ಒಪ್ಪುತ್ತದೆ. ಇದಕ್ಕಿಂತ ಮುಖ್ಯವಾಗಿ, ‘ರೋಗ ಪತ್ತೆ’ ಎಂಬುದನ್ನು ದೂರವಿಡಬೇಕು. ಬೆಕ್ಕು ಮಲಮೂತ್ರಕ್ಕೆ ಬಳಸುವ ತಟ್ಟೆಯಲ್ಲಿ ಅಳವಡಿಸಿದ ಸಾಧನ, ಬೆಕ್ಕು ಎಷ್ಟು ಬಾರಿ ಬಂತು, ಅದರ ತೂಕವೆಷ್ಟು ಎಂಬುದನ್ನು ದಾಖಲಿಸಬಲ್ಲದು. ಗಂಡುಬೆಕ್ಕು ಮತ್ತೆ ಮತ್ತೆ ತಟ್ಟೆಗೆ ಹೋಗಿ ಮೂತ್ರವಿಲ್ಲದೆ ಮರಳುತ್ತಿದ್ದರೆ ಮೂತ್ರನಾಳ ಕಟ್ಟಿಕೊಂಡಿರಬಹುದು, ಅದು ಪ್ರಾಣಕ್ಕೇ ಸಂಚಕಾರ ತರುವ ಸ್ಥಿತಿ. ಆದರೆ ಸಾಧನ ತಿಳಿಸುವುದು ಬದಲಾವಣೆಯನ್ನಷ್ಟೆ, ಕಾರಣವನ್ನು ಹೇಳಬೇಕಾದವರು ಪಶುವೈದ್ಯರು. ಅದಕ್ಕಾಗಿ ‘ಬದಲಾವಣೆಯ ಸೂಚನೆ’ ಎಂದು ಬರೆದಿದ್ದೇನೆ.

ಉಳಿದಿರುವ ತೊಡಕು ಒಂದು. ಎದೆಬಡಿತ, ಉಸಿರಾಟಗಳನ್ನು ಗಮನಿಸುವ ಕೊರಳಪಟ್ಟಿಯನ್ನು ‘ನಿಗಾಪಟ್ಟಿ’ ಎಂದು ಅಡಕವಾಗಿ ಹೇಳುವ ಆಸೆಯಿದೆ, ಆದರೆ ಪಟ್ಟಿಗೆ ಹೆಸರುಗಳ ಯಾದಿ ಎಂಬ ಅರ್ಥವೂ ಇರುವುದರಿಂದ, ಬೆಕ್ಕು ಶಂಕಿತರ ಸಾಲಿಗೆ ಸೇರಿತೆಂಬ ಭಾವ ಬಂದೀತು. ‘ನಿಗಾ ಕೊರಳಪಟ್ಟಿ’ ಉದ್ದವಾಯಿತೇ, ಅಥವಾ ಇದಕ್ಕಿಂತ ಸರಳವಾದ ಪದ ಯಾರದಾದರೂ ಬಳಕೆಯಲ್ಲಿದೆಯೇ?