ಅಪ್‌ಡೇಟ್: ಕಾಡಿನ ನಡಿಗೆ, ದೋಣಿ ಎರಡೂ ಒಂದೇ ದಿನದಲ್ಲಿ ಆಯ್ತು
ಮಡಿಕೇರಿಯಿಂದ ಹೊರಟು ಒಂದೇ ದಿನದಲ್ಲಿ ಕಾಡಲ್ಲಿ ನಡೆದು, ದೋಣಿಯನ್ನೂ ಹತ್ತಬಹುದಾ ಅಂತ ಹೋದ ವಾರ ಕೇಳಿದ್ದೆನಲ್ಲ, ಆಯ್ತು! ಮಂಗಳೂರಿನ ಕಡಲಿಗೆ ಹೋಗಿ ಅಂದವರ ಸಲಹೆ ನಮಗೆ ಆಗಲಿಲ್ಲ. ಸಂಪಾಜೆ ಘಾಟಿ ಇಳಿದು ಹತ್ತುವಷ್ಟರಲ್ಲೇ ಅಮ್ಮ ಸುಸ್ತಾಗುತ್ತಾರೆ.

'ಮೊದಲು ದುಬಾರೆ, ಆಮೇಲೆ ನಿಸರ್ಗಧಾಮ' ಅಂದವರಿಗೆ ದೊಡ್ಡ ಥ್ಯಾಂಕ್ಸ್. ದುಬಾರೆ ಅಂದ್ರೆ ಕಾವೇರಿ ದಡದ ಆನೆ ಶಿಬಿರ, ನಿಸರ್ಗಧಾಮ ಅದೇ ಹೊಳೆಯ ನಡುವಿನ ದ್ವೀಪ. ದುಬಾರೆಯಲ್ಲಿ ಆನೆಗಳ ಸ್ನಾನ ಇರೋದೇ ಬೆಳಿಗ್ಗೆ. ಮಾವುತ ಕಿವಿ ಹಿಂದೆ ಉಜ್ಜುತ್ತಿದ್ದರೆ ಆನೆ ಕಣ್ಣು ಮುಚ್ಚಿ ನೀರಲ್ಲೇ ಮಲಗಿತ್ತು! ಹಾಯಿದೋಣಿಯ ಕನಸು ಕಂಡಿದ್ದ ನನಗೆ ಶಿಬಿರಕ್ಕೆ ಹೊಳೆ ದಾಟಲು ಸಿಕ್ಕಿದ್ದು ಮಾತ್ರ ಮೋಟಾರ್ ಬೋಟು. ಕೂತು ಫೋನ್ ತೆಗೆಯುವಷ್ಟರಲ್ಲಿ ಆಚೆ ದಡ. ಬೇಸಿಗೆಯಲ್ಲಿ ಕಾವೇರಿ ಇಳಿದು ಬರೀ ಬಂಡೆ ಕಾಣುತ್ತೆ, ಮಳೆಗಾಲದಲ್ಲಿ ಹೊಳೆ ತುಂಬಿದರೆ ಬೋಟೇ ಬಿಡಲ್ಲ. ಇದು ಗೊತ್ತಿರಲಿಲ್ಲ.

ಮಧ್ಯಾಹ್ನ ನಿಸರ್ಗಧಾಮದ ತೂಗುಸೇತುವೆ ದಾಟಿ ಬಿದಿರು ಮೆಳೆಗಳ ನೆರಳಲ್ಲಿ ಸುಮ್ನೆ ನಡೆದೆವು. ಭಾನುವಾರ ಜನ ಜಾಸ್ತಿ, ವಾರದ ಮಧ್ಯೆ ಹೋಗಿ.