ಜಿಲ್ಲೆ ಹೆಸರು ಹೊಂದಿಸೋಕೆ ಸಹಾಯ ಬೇಕು

2011ರ ಜನಗಣತಿ ಒಂದು ಶೀಟಲ್ಲಿದೆ, ಈಗಿನ ಜಿಲ್ಲಾವಾರು ಪಟ್ಟಿ ಇನ್ನೊಂದರಲ್ಲಿ. ಎರಡೂ ಇಂಗ್ಲಿಷಲ್ಲಿವೆ. ಅಲ್ಲಿ ಗುಲ್ಬರ್ಗ, ಇಲ್ಲಿ ಕಲಬುರಗಿ. ವಿಲುಕಪ್ (ಹೆಸರು ಹುಡುಕಿ ಹೊಂದಿಸೋ ಸೂತ್ರ) ಕೊಟ್ರೆ ಬರೀ ಎನ್‌ಎ, ಅಂದ್ರೆ ಸಿಗಲಿಲ್ಲ ಅಂತ. ಟ್ರಿಮ್ ಹಾಕಿ ಸ್ಪೇಸ್ ತೆಗೆದೆ. ಫಜಿ ಮ್ಯಾಚ್ (ಹೆಚ್ಚುಕಡಿಮೆ ಒಂದೇ ಥರ ಇರೋ ಹೆಸರು ಹೊಂದಿಸೋದು) ಮಾಡಿದ್ರೆ ‘ಬೆಂಗಳೂರು ಅರ್ಬನ್’ ಹೋಗಿ ‘ಬ್ಯಾಂಗಲೋರ್ ರೂರಲ್’ ಪಕ್ಕ ಕೂತಿದೆ! ಹಳೇದರಲ್ಲಿ ನಗರ ಜಿಲ್ಲೆಗೆ ಬರೀ ‘ಬ್ಯಾಂಗಲೋರ್’ ಅಂತಿರೋದೇ ಕಾರಣ. ಕೊನೆಗೆ ಹಳೆ–ಹೊಸ ಹೆಸರಿನ ಟೇಬಲ್ ಕೈಯಾರೆ ಬರೆದೆ, 30 ಹೆಸರು ಕೂತವು.

ಸಿಕ್ಕಿಕೊಂಡಿರೋದು ವಿಜಯನಗರದಲ್ಲಿ. 2021ರಲ್ಲಿ ಬಳ್ಳಾರಿಯಿಂದ ಬೇರೆಯಾದ ಜಿಲ್ಲೆ. ಬಳ್ಳಾರಿಗೆ ಕೂಡಿಸೋಣ ಅಂದ್ರೆ ಈಗ ವಿಜಯನಗರದಲ್ಲಿರೋ ಹರಪನಹಳ್ಳಿ ತಾಲ್ಲೂಕು 2011ರಲ್ಲಿ ದಾವಣಗೆರೆಯಲ್ಲಿತ್ತು. ಈಗ ಮೂರೂ ಜಿಲ್ಲೆ ಒಂದೇ ಗುಂಪು ಮಾಡಿ ಹೋಲಿಸಲಾ, ಇಲ್ಲಾ 2011ರ ತಾಲ್ಲೂಕು ಅಂಕಿ ಹಿಡಿದು ಹಳೇ ಪಟ್ಟಿಯನ್ನೇ ಈಗಿನ ಗಡಿಗೆ ತಕ್ಕಂತೆ ಮತ್ತೆ ಕೂಡಿಸಲಾ? ಈ ಕೆಲಸ ಮಾಡಿದವರು ಯಾವುದು ಸರಿ ಹೇಳ್ತೀರಾ?